ಜಗಲಿಯ ಓದು, ಬಾಡಿಗೆಯ ಪುಸ್ತಕ

ಹಳಗನ್ನಡದಲ್ಲಿ ‘ಓದು’ ಎಂದರೆ ಬಾಯಿಬಿಟ್ಟು ಹೇಳುವುದು. ಗಿಳಿಯೂ ಓದುತ್ತಿತ್ತು, ಮಠದ ಮಾಣಿಯೂ ಓದುತ್ತಿದ್ದ. ಪುಸ್ತಕ ಹಿಡಿದು ಮೂಲೆಯಲ್ಲಿ ತುಟಿ ಅಲುಗಿಸದೆ ಕುಳಿತವನನ್ನು ಓದುಗ ಎಂದು ಕರೆಯುವ ರೂಢಿ ಕನ್ನಡದಲ್ಲಿ ಬಹಳ ಈಚಿನದು. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ ಈ ನಾಡಿನ ಜನ ಪಟ್ಟಾಗಿ ಓದು ಕಲಿಯದೆಯೂ ಕಾವ್ಯದಲ್ಲಿ ಪಳಗಿದವರು ಎಂದು ಹೊಗಳುತ್ತದೆ. ಇದನ್ನು ಬರಿಯ ನಾಡಹೊಗಳಿಕೆ ಎಂದು ತಳ್ಳಿಹಾಕುವಂತಿಲ್ಲ. ಅಕ್ಷರ ಬಲ್ಲವರು ಬೆರಳೆಣಿಕೆಯಷ್ಟಿದ್ದ ಕಾಲದಲ್ಲಿ ಕಾವ್ಯ ಜನರಿಗೆ ಸಿಗುತ್ತಿದ್ದುದು ಕಿವಿಯ ಮೂಲಕವೇ.

ತಾಳೆಗರಿಯ ಗ್ರಂಥ ಸುಲಭವಾಗಿ ಸಿಗುವ ವಸ್ತುವಾಗಿರಲಿಲ್ಲ. ಗರಿಯನ್ನು ಹದಮಾಡಿ, ಕಂಟವೆಂಬ ಮೊನೆಲೇಖನಿಯಿಂದ ಕೊರೆದು, ಕೊರೆದ ಗೆರೆಗಳಿಗೆ ಮಸಿ ತಿಕ್ಕಿ, ತೂತಿನಲ್ಲಿ ದಾರ ಪೋಣಿಸಿ ಹಲಗೆಗಳ ನಡುವೆ ಕಟ್ಟಬೇಕು. ಒಂದು ಕಾವ್ಯದ ಒಂದು ಪ್ರತಿಗೆ ತಿಂಗಳುಗಟ್ಟಲೆ ಕೆಲಸ. ಜೈನರು ಆಹಾರ, ಅಭಯ, ಔಷಧಗಳ ಸಾಲಿನಲ್ಲಿ ಶಾಸ್ತ್ರದಾನವನ್ನೂ ಸೇರಿಸಿದ್ದು ಇದರಿಂದಲೇ ಅರ್ಥವಾಗುತ್ತದೆ. ರನ್ನನಿಂದ ‘ಅಜಿತಪುರಾಣ’ ಬರೆಯಿಸಿದ ಅತ್ತಿಮಬ್ಬೆ, ಪೊನ್ನನ ‘ಶಾಂತಿಪುರಾಣ’ದ 1000 ಪ್ರತಿಗಳನ್ನು ಮಾಡಿಸಿ ಹಂಚಿದಳು. ಅಚ್ಚುಕೂಟವಿರುವ ಇಂದಿಗೂ ಕನ್ನಡದ ಒಂದು ಕವನಸಂಕಲನಕ್ಕೆ ಸಾವಿರ ಪ್ರತಿ ದೊಡ್ಡ ಮುದ್ರಣವೇ; ಕೈಯಿಂದಲೇ ಪ್ರತಿ ಮಾಡಬೇಕಿದ್ದ ಹತ್ತನೆಯ ಶತಮಾನದಲ್ಲಿ ಅದೆಂಥ ಸಾಹಸವೆಂದು ಊಹಿಸಿಕೊಳ್ಳಬೇಕು.

ಆದರೂ ಊರಿಗೊಂದು ಪ್ರತಿಯಿದ್ದರೆ ಸಾಕಾಗುತ್ತಿತ್ತು. ಅದಕ್ಕೆ ಕಾರಣ ಗಮಕ. ಕುಮಾರವ್ಯಾಸನ ಭಾರತವೂ ಲಕ್ಷ್ಮೀಶನ ‘ಜೈಮಿನಿ ಭಾರತ’ವೂ ಷಟ್ಪದಿಯಲ್ಲಿವೆ; ಆ ಷಟ್ಪದಿಯ ನಡಿಗೆ ಓದುವ ಗಂಟಲಿಗೂ ಕೇಳುವ ಕಿವಿಗೂ ಒಗ್ಗುವಂಥದು. ಗಮಕಿ ತಾಳದ ಕಟ್ಟಿಗೆ ಒಳಗಾಗದೆ, ರಸಕ್ಕೆ ತಕ್ಕ ರಾಗದಲ್ಲಿ ಪದ್ಯವನ್ನು ಬಿಡಿಸಿ ಓದುತ್ತಾನೆ. ಪಕ್ಕದಲ್ಲಿ ಕುಳಿತ ವ್ಯಾಖ್ಯಾನಕಾರ ಅರ್ಥ ಹೇಳುತ್ತಾನೆ. ಅರ್ಥವೆಂದರೆ ಪದಕ್ಕೆ ಪದ ಜೋಡಿಸುವುದಲ್ಲ. ಕೀಚಕನ ಪ್ರಸಂಗ ಬಂದರೆ ಊರಿನ ನಡತೆಯ ಮಾತೂ ಬರುತ್ತದೆ, ಶಕುನಿ ಬಂದರೆ ಶಾನುಭೋಗನಿಗೂ ಒಂದು ಕುಟುಕು. ಮಳೆ ಕೈಕೊಟ್ಟ ವರ್ಷ ವಿರಾಟಪರ್ವ ಓದಿಸುವ ಪದ್ಧತಿ ಅನೇಕ ಕಡೆ ಇತ್ತು. ಅಕ್ಷರ ಬಾರದ ಒಕ್ಕಲಿಗನಿಗೂ ಭಾರತದ ಹತ್ತಾರು ಪದ್ಯ ಬಾಯಿಗೆ ಬರುತ್ತಿದ್ದದ್ದು ಈ ಜಗಲಿಗಳಿಂದ. ಅಲ್ಲಿಗೆ ಸೇರಲು ವಯಸ್ಸಿನ ಕಟ್ಟಿರಲಿಲ್ಲ, ಪರೀಕ್ಷೆಯೂ ಇರಲಿಲ್ಲ. ಆದರೆ ಎಲ್ಲ ಜಾತಿಯವರೂ ಜಗಲಿಯ ಮೇಲೆಯೇ ಕೂರುತ್ತಿರಲಿಲ್ಲ, ಕೆಲವರು ಅಂಗಳದಾಚೆ ನಿಂತೇ ಕೇಳಬೇಕಿತ್ತು ಎಂಬುದನ್ನು ಈ ಚಿತ್ರದಿಂದ ಅಳಿಸಬಾರದು.

ಕೂಲಿಮಠಗಳ ಕಲಿಕೆಯೂ ಬಾಯಿಪಾಠವೇ. ಮರಳಿನ ಮೇಲೆ ಬೆರಳಿಂದ ತಿದ್ದಿ ಅಕ್ಷರ ಕಲಿತ ಹುಡುಗರು ಮಗ್ಗಿ, ಅಮರಕೋಶ, ‘ಜೈಮಿನಿ’ಯ ಪದ್ಯಗಳನ್ನು ಒಪ್ಪಿಸುತ್ತಿದ್ದರು. ಐಗಳ ಬೆತ್ತದ ನೆನಪಿನ ಜೊತೆಗೆ ಆ ಪದ್ಯಗಳೂ ಸಾಯುವವರೆಗೆ ಉಳಿಯುತ್ತಿದ್ದವು.

ಬಾಸೆಲ್ ಮಿಷನ್ 1841ರಲ್ಲಿ ಮಂಗಳೂರಿನಲ್ಲಿ ಅಚ್ಚುಕೂಟ ತೆರೆದಾಗ ಈ ಪದ್ಧತಿ ಮುರಿದುಬಿತ್ತು ಎಂದು ತಿಳಿಯುವುದು ತಪ್ಪು. ಹರ್ಮನ್ ಮೋಗ್ಲಿಂಗ್ 1843ರಲ್ಲಿ ‘ಮಂಗಳೂರು ಸಮಾಚಾರ’ ಪತ್ರಿಕೆಯನ್ನು ಹೊರಡಿಸಿದ; ‘ಬಿಬ್ಲಿಯೋಥಿಕಾ ಕರ್ನಾಟಿಕಾ’ ಮಾಲೆಯಲ್ಲಿ ಹಳೆಯ ಕಾವ್ಯಗಳನ್ನು ಕಲ್ಲಚ್ಚಿನಲ್ಲಿ ತೆಗೆದ. ಹೀಗೆ ಅಚ್ಚು ಮೊದಲು ಮಾಡಿದ ಉಪಕಾರವೆಂದರೆ ಗಮಕಿಯ ಕೈಗೇ ಹೊಸ ಪ್ರತಿ ಕೊಟ್ಟದ್ದು. ಗರಿಕಟ್ಟು ಹೋಗಿ ಕಾಗದ ಬಂತು, ಓದು ಮಾತ್ರ ಗಟ್ಟಿಯಾಗಿಯೇ ಉಳಿಯಿತು.

ಓದುಗನನ್ನು ಒಂಟಿಯಾಗಿ ಕೂರಿಸಿದ್ದು ಕಾದಂಬರಿ. ಅದನ್ನು ರಾಗದಲ್ಲಿ ಹೇಳಲಾಗುವುದಿಲ್ಲ, ಅರ್ಥ ಹೇಳಲು ಮತ್ತೊಬ್ಬನೂ ಬೇಕಿಲ್ಲ. ಮುಂದೇನಾಯಿತು ಎಂಬ ಕುತೂಹಲವೇ ಪುಟ ತಿರುಗಿಸುತ್ತದೆ. ಮೈಸೂರು ಸೀಮೆಯಲ್ಲಿ ಈ ರುಚಿ ಹತ್ತಿಸಿದವರು ಬಿ. ವೆಂಕಟಾಚಾರ್ಯ (1845–1914). ನ್ಯಾಯಾಂಗ ಇಲಾಖೆಯ ಕೆಲಸದ ನಡುವೆ ಬಂಗಾಳಿ ಕಲಿತು, ಬಂಕಿಮಚಂದ್ರರ ಕಾದಂಬರಿಗಳನ್ನು ಒಂದರ ಹಿಂದೊಂದರಂತೆ ಕನ್ನಡಕ್ಕೆ ತಂದರು. ಓದುವ ಆಸೆಗಾಗಿ ದೂರದ ಭಾಷೆಯೊಂದನ್ನು ಕಲಿತವನಿಂದ ಒಂದು ನಾಡು ಕಾದಂಬರಿ ಓದಲು ಕಲಿಯಿತು.

ಉತ್ತರ ಕರ್ನಾಟಕದ ಕಥೆ ಇನ್ನೂ ರೋಚಕ. ಅಲ್ಲಿ ಶಾಲೆ, ಕಚೇರಿ, ಪೇಟೆಗಳಲ್ಲೆಲ್ಲ ಮರಾಠಿಯ ಬಿಗಿ ಹಿಡಿತ. ಕನ್ನಡ ಮನೆಮಾತಿನವರೂ ಮರಾಠಿ ಪುಸ್ತಕವನ್ನೇ ಓದುತ್ತಿದ್ದರು. 1890ರಲ್ಲಿ ಧಾರವಾಡದಲ್ಲಿ ಹುಟ್ಟಿದ ಕರ್ನಾಟಕ ವಿದ್ಯಾವರ್ಧಕ ಸಂಘ ಕನ್ನಡ ಗ್ರಂಥಗಳಿಗೆ ಬಹುಮಾನ ಇಟ್ಟಿತು. ಆ ಕಾಲದಲ್ಲಿ ಬರೆಯತೊಡಗಿದವರು ಗಳಗನಾಥರು. ಹಾವೇರಿ ಸೀಮೆಯ ಗಳಗನಾಥ ಎಂಬ ಹಳ್ಳಿಯ ವೆಂಕಟೇಶ ತಿರಕೋ ಕುಲಕರ್ಣಿ (1869–1942) ಊರ ಹೆಸರಿನಿಂದಲೇ ಪ್ರಸಿದ್ಧರಾದರು. ಹರಿ ನಾರಾಯಣ ಆಪ್ಟೆಯವರ ಮರಾಠಿ ಐತಿಹಾಸಿಕ ಕಾದಂಬರಿಗಳನ್ನು ಕನ್ನಡಕ್ಕೆ ಒಗ್ಗಿಸಿದರು, ‘ಮಾಧವ ಕರುಣಾವಿಲಾಸ’ದಂಥ ವಿಜಯನಗರದ ಕಥೆ ಬರೆದರು, ‘ಸದ್ಬೋಧ ಚಂದ್ರಿಕೆ’ ಮಾಸಪತ್ರಿಕೆ ನಡೆಸಿದರು. ಆದರೆ ಅವರ ದೊಡ್ಡಸ್ತಿಕೆ ಬರೆದದ್ದರಲ್ಲಿ ಮಾತ್ರವಲ್ಲ, ಮಾರಿದ್ದರಲ್ಲೂ ಇದೆ. ಪುಸ್ತಕದಂಗಡಿಗಳೇ ಇಲ್ಲದ ಸೀಮೆಯಲ್ಲಿ ಅವರು ಪುಸ್ತಕದ ಹೊರೆ ಹೊತ್ತು ಊರೂರು ಅಲೆದರು. ಅಕ್ಕಿ ಬೇಳೆಗೆ ತೆಗೆದಿಟ್ಟ ದುಡ್ಡಿನಲ್ಲಿ ಕಥೆಪುಸ್ತಕ ಕೊಳ್ಳಬಹುದೆಂಬ ಯೋಚನೆಯೇ ಇಲ್ಲದ ಮನೆಗಳ ಮುಂದೆ ನಿಲ್ಲುವುದು ಸುಲಭದ ಕೆಲಸವಲ್ಲ. ಇಷ್ಟಾದರೂ ಅವರಿಗೆ ಉಳಿದದ್ದು ಬಡತನವೇ. ಕನ್ನಡದ ಮೊದಲ ತಲೆಮಾರಿನ ಕಾದಂಬರಿ ಓದುಗರಲ್ಲಿ ಎಷ್ಟೋ ಮಂದಿ ಈ ಹೊರೆಯಿಂದ ಇಳಿದ ಪುಸ್ತಕದಿಂದಲೇ ಓದು ಹಿಡಿದವರು.

ಹೆಣ್ಣುಮಕ್ಕಳ ಓದು ಬೇರೊಂದು ದಾರಿಯಲ್ಲಿ ಬೆಳೆಯಿತು. ಬಾಲ್ಯದಲ್ಲೇ ವಿಧವೆಯಾದ ನಂಜನಗೂಡು ತಿರುಮಲಾಂಬ (1887–1982) ಮನೆಯಲ್ಲೇ ಓದಿ ಬೆಳೆದವರು. ಮುಂದೆ ‘ಸತೀ ಹಿತೈಷಿಣಿ’ ಗ್ರಂಥಮಾಲೆ ಸ್ಥಾಪಿಸಿ ತಾವೇ ಬರೆದು ತಾವೇ ಪ್ರಕಟಿಸಿದರು, ‘ಕರ್ನಾಟಕ ನಂದಿನಿ’ ಪತ್ರಿಕೆ ನಡೆಸಿದರು. ಅರ್ಧ ಶತಮಾನ ಕಳೆದ ಮೇಲೆ ಎಂ. ಕೆ. ಇಂದಿರಾ ನಲವತ್ತು ದಾಟಿದ ನಂತರ ಕಾದಂಬರಿ ಬರೆಯಲು ಕುಳಿತರು. ಶಾಲೆಯ ಓದು ಅವರಿಗೆ ಸಿಕ್ಕಿದ್ದು ಕಡಿಮೆ. ‘ಫಣಿಯಮ್ಮ’ನಂಥ ಕೃತಿಗೆ ಬೇಕಾದ ಸರಕು ಕೂಡಿದ್ದು ಹಿರಿಯರಿಂದ ಕೇಳಿದ್ದರಿಂದ ಮತ್ತು ಸ್ವಂತ ಓದಿನಿಂದ.

ಇಪ್ಪತ್ತನೆಯ ಶತಮಾನದ ಮೊದಲರ್ಧದಲ್ಲಿ ಓದನ್ನು ಬೆಳೆಸುವುದೇ ಒಂದು ಕಾಯಕವಾಯಿತು. 1915ರಲ್ಲಿ ಕನ್ನಡ ಸಾಹಿತ್ಯ ಪರಿಷತ್ತು ಹುಟ್ಟಿತು. ಬೆಂಗಳೂರಿನ ಸಾರ್ವಜನಿಕ ಗ್ರಂಥಾಲಯ ಕಬ್ಬನ್ ಪಾರ್ಕಿನ ಶೇಷಾದ್ರಿ ಅಯ್ಯರ್ ಸ್ಮಾರಕ ಭವನದಲ್ಲಿ ನೆಲೆಯಾಯಿತು. ಮೈಸೂರು ವಿಶ್ವವಿದ್ಯಾಲಯ ಮೂವತ್ತರ ದಶಕದಲ್ಲಿ ಅಧ್ಯಾಪಕರನ್ನು ಊರುಗಳಿಗೆ ಕಳುಹಿಸಿ ಪ್ರಚಾರೋಪನ್ಯಾಸ ಮಾಡಿಸಿತು, ಆ ಭಾಷಣಗಳನ್ನು ಕಿರುಹೊತ್ತಗೆಗಳಾಗಿ ಅಗ್ಗದ ಬೆಲೆಗೆ ಅಚ್ಚುಹಾಕಿತು. 1933ರಲ್ಲಿ ಧಾರವಾಡದಲ್ಲಿ ಜಿ. ಬಿ. ಜೋಶಿಯವರು ಮನೋಹರ ಗ್ರಂಥಮಾಲೆ ಆರಂಭಿಸಿದರು. ಚಂದಾ ಕೊಟ್ಟವರ ಮನೆಗೆ ಪುಸ್ತಕ ತಲುಪಿಸುವ ಆ ಏರ್ಪಾಡು ಲೇಖಕನಿಗೆ ಖಾತ್ರಿಯ ಓದುಗರನ್ನು ಒದಗಿಸಿತು. ಮಾಲೆಯ ‘ಅಟ್ಟ’ ಸಾಹಿತಿಗಳ ಹರಟೆಯ ತಾಣವಾಗಿ ಹೆಸರಾಯಿತು. ಕಾಲೇಜು ಬಿಟ್ಟು ಅಸಹಕಾರ ಚಳವಳಿಗೆ ಇಳಿದಿದ್ದ ಶಿವರಾಮ ಕಾರಂತರು ಮಕ್ಕಳಿಗಾಗಿ ‘ಬಾಲಪ್ರಪಂಚ’ದ ಸಂಪುಟಗಳನ್ನೂ ಮುಂದೆ ದೊಡ್ಡವರಿಗಾಗಿ ‘ವಿಜ್ಞಾನ ಪ್ರಪಂಚ’ವನ್ನೂ ಒಬ್ಬರೇ ಬರೆದರು. ಅಂಥ ಕೆಲಸಕ್ಕೆ ಬೇರೆಡೆ ಒಂದು ಮಂಡಳಿಯನ್ನೇ ನೇಮಿಸುತ್ತಾರೆ.

ಮೈಸೂರು ರಾಜ್ಯದ ವಯಸ್ಕರ ಶಿಕ್ಷಣ ಸಮಿತಿಯ ಕೆಲಸ ಈಗ ಹೆಚ್ಚು ಜನರಿಗೆ ನೆನಪಿಲ್ಲ. ರಾತ್ರಿಶಾಲೆಗಳಲ್ಲಿ ಅಕ್ಷರ ಕಲಿಸುವುದರ ಜೊತೆಗೆ, ಕಲಿತವರಿಗೆ ಓದಲು ಏನಾದರೂ ಬೇಕೆಂಬುದನ್ನು ಅದು ಅರಿತಿತ್ತು. ಹೊಸದಾಗಿ ಓದಲು ಕಲಿತವರಿಗಾಗಿ ‘ಬೆಳಕು’ ಎಂಬ ಪತ್ರಿಕೆ ಹೊರಡಿಸಿತು. ಡೆನ್ಮಾರ್ಕಿನ ಜನತಾ ಶಾಲೆಗಳ ಮಾದರಿಯಲ್ಲಿ ನಂಜನಗೂಡಿನಲ್ಲಿ ವಿದ್ಯಾಪೀಠ ತೆರೆದು, ಹಳ್ಳಿಯ ಯುವಕರಿಗೆ ಬೇಸಾಯ, ಕಸುಬುಗಳ ಜೊತೆ ಸಾಹಿತ್ಯವನ್ನೂ ಕಲಿಸಿತು.

ಓದಿನ ಹುಚ್ಚು ನಿಜಕ್ಕೂ ಉಕ್ಕಿದ್ದು ಐವತ್ತರಿಂದ ಎಂಬತ್ತರ ದಶಕದವರೆಗೆ, ಸರ್ಕ್ಯುಲೇಟಿಂಗ್ ಲೈಬ್ರರಿಗಳಲ್ಲಿ. ಪೇಟೆಯ ಗಲ್ಲಿಯ ಸಣ್ಣ ಮಳಿಗೆ, ಖಾಕಿ ರಟ್ಟು ಹಾಕಿದ ಕಾದಂಬರಿಗಳು, ಠೇವಣಿ, ದಿನಕ್ಕಿಷ್ಟು ಬಾಡಿಗೆ. ಬಾಡಿಗೆ ಏರದಿರಲೆಂದು ಇಡೀ ಮನೆ ಸರದಿಯಲ್ಲಿ ಒಂದೇ ರಾತ್ರಿಗೆ ಪುಸ್ತಕ ಮುಗಿಸುತ್ತಿತ್ತು. ನೂರಕ್ಕೂ ಹೆಚ್ಚು ಕಾದಂಬರಿ ಬರೆದ ಅ. ನ. ಕೃಷ್ಣರಾಯರು, ತರಾಸು, ತ್ರಿವೇಣಿ ಇಲ್ಲಿಯ ದೊರೆಗಳು. ಅವರ ಪಕ್ಕದಲ್ಲೇ ಎನ್. ನರಸಿಂಹಯ್ಯ. ನಾಲ್ಕನೆಯ ತರಗತಿಯವರೆಗೆ ಮಾತ್ರ ಶಾಲೆ ಕಂಡ ಅವರು ಐನೂರಕ್ಕೂ ಹೆಚ್ಚು ಪತ್ತೇದಾರಿ ಕಾದಂಬರಿ ಬರೆದರು. ವಿಮರ್ಶಕರು ಅವರತ್ತ ತಿರುಗಿ ನೋಡಿದ್ದು ಕಡಿಮೆ. ಆದರೆ ಗಂಭೀರ ಸಾಹಿತ್ಯ ಮುಟ್ಟಲಾಗದ ಓದುಗರನ್ನು ಅವರ ಕಥಾನಾಯಕ ಪತ್ತೇದಾರ ಪುರುಷೋತ್ತಮ ಮುಟ್ಟಿದ. ‘ಸುಧಾ’ (1965), ‘ತರಂಗ’ (1983) ವಾರಪತ್ರಿಕೆಗಳ ಧಾರಾವಾಹಿಗಳು ಇದೇ ಹಸಿವನ್ನು ತಣಿಸಿದವು. ಹುಬ್ಬಳ್ಳಿಯ ‘ಕಸ್ತೂರಿ’ ಮಾಸಪತ್ರಿಕೆ ಪ್ರತಿ ತಿಂಗಳೂ ಒಂದು ಪುಸ್ತಕದ ಸಂಗ್ರಹ ಕೊಟ್ಟು, ಅದನ್ನು ಕೊಳ್ಳಲಾಗದವರಿಗೂ ಲೋಕದ ಸುದ್ದಿ ಮುಟ್ಟಿಸಿತು.

ಸರ್ಕಾರ 1965ರಲ್ಲಿ ಸಾರ್ವಜನಿಕ ಗ್ರಂಥಾಲಯಗಳ ಕಾಯ್ದೆ ತಂದು, ಆಸ್ತಿ ತೆರಿಗೆಯ ಜೊತೆ ಗ್ರಂಥಾಲಯ ಕರವನ್ನೂ ಸೇರಿಸಿತು. ಜಿಲ್ಲೆ, ನಗರಗಳಿಂದ ಗ್ರಾಮ ಪಂಚಾಯಿತಿಯವರೆಗೆ ವಾಚನಾಲಯಗಳು ಹರಡಿದ್ದು ಅದರ ಫಲ. ಮನೆಮನೆಗೆ ಟಿ.ವಿ. ಬಂದ ಮೇಲೆ ಬಾಡಿಗೆಯ ಮಳಿಗೆಗಳು ಒಂದೊಂದಾಗಿ ಬಾಗಿಲು ಹಾಕಿದವು. ಖಾಕಿ ರಟ್ಟಿನ ಕಾದಂಬರಿಗಳು ಹಳೆಯ ಪುಸ್ತಕದ ರಾಶಿ ಸೇರಿದವು. ಪಂಚಾಯಿತಿ ಗ್ರಂಥಾಲಯಗಳಿಗೆ ಈಗ ‘ಅರಿವು ಕೇಂದ್ರ’ ಎಂಬ ಹೆಸರು. ಪಟ್ಟಣದ ಗ್ರಂಥಾಲಯಗಳಲ್ಲಿ ಕುರ್ಚಿಗಳ ಮೇಲೆ ಬಹುಪಾಲು ಸ್ಪರ್ಧಾತ್ಮಕ ಪರೀಕ್ಷೆಗೆ ತಯಾರಾಗುವ ಯುವಕ ಯುವತಿಯರು. ಕಾದಂಬರಿಯ ಕಪಾಟು ಹಿಂದಕ್ಕೆ ಸರಿದಿದೆ. ಶಿವಮೊಗ್ಗ ಬಳಿಯ ಹೊಸಹಳ್ಳಿಯಲ್ಲಿ ಮಾತ್ರ ಕುಮಾರವ್ಯಾಸನ ಓದು ಇನ್ನೂ ಗಟ್ಟಿಯಾಗಿಯೇ ಕೇಳಿಬರುತ್ತದೆ. ಅಲ್ಲಿಯ ಗಮಕಿ ಎಚ್. ಆರ್. ಕೇಶವಮೂರ್ತಿಯವರಿಗೆ 2022ರಲ್ಲಿ ಪದ್ಮಶ್ರೀ ಬಂತು.