ಐನುಲ್ ಹಿಲ್ವಾದ ವೀಡಿಯೋ ಟೇಪುಗಳು

ಐನುಲ್ ಹಿಲ್ವಾ ಎಂದರೆ ಸಿಹಿನೀರಿನ ಚಿಲುಮೆ. ಹೆಸರಷ್ಟೇ ಸಿಹಿ. ಲೆಬನಾನಿನ ಸೈದಾ ಪಟ್ಟಣದ ಅಂಚಿನಲ್ಲಿರುವ ಈ ಶಿಬಿರ 1948ರ ನಕ್ಬಾದಲ್ಲಿ ಉತ್ತರ ಫೆಲೆಸ್ತೀನಿನ ಹಳ್ಳಿಗಳಿಂದ ಓಡಿಬಂದವರಿಗಾಗಿ ಹುಟ್ಟಿಕೊಂಡಿತು. ಡೇರೆಗಳು ಹೋಗಿ ಸಿಮೆಂಟು ಗೋಡೆಗಳೆದ್ದವು. ಮೊಹಲ್ಲಾಗಳಿಗೆ ಮಾತ್ರ ಸಫ್ಸಾಫ್, ಸಫ್ಫೂರಿಯಾ, ಲೂಬಿಯಾ ಎಂದು ಬಿಟ್ಟುಬಂದ ಹಳ್ಳಿಗಳ ಹೆಸರೇ ಉಳಿದವು. ಲೆಬನಾನಿನಲ್ಲಿ ಇವರು ವೈದ್ಯರಾಗಿ, ವಕೀಲರಾಗಿ ವೃತ್ತಿ ನಡೆಸುವಂತಿಲ್ಲ. 2001ರ ಕಾನೂನು ಬಂದ ಮೇಲೆ ಸ್ವಂತಕ್ಕೊಂದು ಮನೆ ಕೊಳ್ಳುವಂತೆಯೂ ಇಲ್ಲ.

ಮಹ್ದಿ ಫ್ಲೇಫೆಲ್ 1979ರಲ್ಲಿ ಹುಟ್ಟಿದ್ದು ದುಬೈಯಲ್ಲಿ, ಬಾಲ್ಯದ ಕೆಲವು ವರ್ಷಗಳನ್ನು ಕಳೆದದ್ದು ಈ ಶಿಬಿರದಲ್ಲಿ, ಬೆಳೆದದ್ದು ಡೆನ್ಮಾರ್ಕಿನಲ್ಲಿ. ಆತನ ತಂದೆಗೆ ವೀಡಿಯೋ ಕ್ಯಾಮರಾದ ಹುಚ್ಚು. ಆ ಟೇಪುಗಳಿಗೆ ಮಗ ತಾನು ಪ್ರತಿ ರಜೆಯಲ್ಲಿ ತೆಗೆದದ್ದನ್ನು ಸೇರಿಸಿ 2012ರಲ್ಲಿ 'ನಮ್ಮದಲ್ಲದ ಲೋಕ' ಎಂಬರ್ಥದ ಸಾಕ್ಷ್ಯಚಿತ್ರ ಮಾಡಿದ. ಮರುವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಅದಕ್ಕೆ ಶಾಂತಿ ಪ್ರಶಸ್ತಿ ದೊರೆಯಿತು.

ಮನೆಯ ಟೇಪಿಗೆ ಇಷ್ಟೇಕೆ ಮಹತ್ವ ಎಂದು ಕೇಳಬಹುದು. 1960ರ ದಶಕದ ಕೊನೆಯಲ್ಲಿ ಮುಸ್ತಫಾ ಅಬೂ ಅಲಿ, ಸುಲಾಫಾ ಜಾದಲ್ಲಾಹ್, ಹಾನಿ ಜೌಹರಿಯ್ಯಾ ಸೇರಿ ಫೆಲೆಸ್ತೀನಿ ಚಲನಚಿತ್ರ ಘಟಕ ಕಟ್ಟಿದ್ದರು. ಹಾನಿ 1976ರಲ್ಲಿ ಚಿತ್ರೀಕರಣದಲ್ಲಿರುವಾಗಲೇ ಮಡಿದ. ಅವರು ಕೂಡಿಟ್ಟ ಸಂಗ್ರಹ 1982ರಲ್ಲಿ ಇಸ್ರೇಲಿನ ಆಕ್ರಮಣದ ಬಳಿಕ ಬೈರೂತಿನಿಂದ ಕಣ್ಮರೆಯಾಯಿತು. ದಫ್ತರವೇ ಕಳೆದುಹೋದ ಸಮುದಾಯಕ್ಕೆ ಮದುವೆಯ ಟೇಪೂ ದಾಖಲೆಯೇ.

ಫ್ಲೇಫೆಲ್‌ನ ಚಿತ್ರದಲ್ಲಿ ವೀರರಿಲ್ಲ. ಹಕ್ಕಿ ಸಾಕುವ ಚಿಕ್ಕಪ್ಪ, ಶಿಬಿರ ಬಿಟ್ಟು ಕದಲದ ಅಜ್ಜ, ವಿಶ್ವಕಪ್ ಬಂತೆಂದರೆ ಬಾಲ್ಕನಿಗಳಲ್ಲಿ ಬ್ರೆಜಿಲ್, ಇಟಲಿಯ ಬಾವುಟ. ತನ್ನದೆಂಬ ತಂಡವಿಲ್ಲದವರು ಇನ್ನೊಬ್ಬರ ಗೆಲುವಿಗೆ ಕುಣಿಯುತ್ತಾರೆ. ಫತಹ್ ಸಂಘಟನೆಗೆ ದುಡಿದು ದಣಿದ ಗೆಳೆಯನೊಬ್ಬ ಫೆಲೆಸ್ತೀನ್ ಎಂಬ ಹೆಸರನ್ನೇ ಶಪಿಸುತ್ತಾನೆ. ದೂರದಲ್ಲಿ ಕುಳಿತು ಘೋಷಣೆ ಕೂಗುವ ನಮ್ಮಂಥವರಿಗೆ ಆ ಮಾತು ಕೇಳುವುದು ಕಷ್ಟ. ಆದರೆ ಕ್ಯಾಮರಾ ಹಿಡಿದವನ ಜೇಬಿನಲ್ಲಿ ಡೆನ್ಮಾರ್ಕಿನ ಪಾಸ್‌ಪೋರ್ಟ್ ಇದೆ. ರಜೆ ಮುಗಿದರೆ ಅವನು ಹೊರಡುತ್ತಾನೆ, ಗೆಳೆಯ ಅಲ್ಲೇ ಉಳಿಯುತ್ತಾನೆ. ಈ ನಾಚಿಕೆಯನ್ನು ಫ್ಲೇಫೆಲ್ ಮುಚ್ಚಿಡುವುದಿಲ್ಲ. ನನಗೆ ಚಿತ್ರ ಹಿಡಿಸಿದ್ದು ಅದಕ್ಕೇ.

ಚಿತ್ರದ ಹೆಸರು ಗಸ್ಸಾನ್ ಕನಫಾನಿಯ ಕಥಾಸಂಕಲನದ್ದು. ಅಕ್ಕಾ ನಗರದಲ್ಲಿ 1936ರಲ್ಲಿ ಹುಟ್ಟಿ, 1972ರಲ್ಲಿ ಬೈರೂತಿನಲ್ಲಿ ಕಾರಿಗಿಟ್ಟ ಬಾಂಬಿಗೆ ಬಲಿಯಾದ ಕಥೆಗಾರ ಆತ. ಐನುಲ್ ಹಿಲ್ವಾಕ್ಕೆ ಬಂದಾಗ ಅಲ್ಲಿನ ಯುವಕನೊಬ್ಬನ ರೇಖಾಚಿತ್ರಗಳನ್ನು ಕಂಡು 1961ರಲ್ಲಿ ಪತ್ರಿಕೆಯಲ್ಲಿ ಅಚ್ಚು ಹಾಕಿಸಿದವನೂ ಆತನೇ. ಆ ಯುವಕನೇ ಬೆನ್ನು ತಿರುಗಿಸಿ ನಿಂತ ಹುಡುಗ ಹಂದಲಾನನ್ನು ಸೃಷ್ಟಿಸಿದ ನಾಜಿ ಅಲ್ ಅಲಿ. 1987ರಲ್ಲಿ ಲಂಡನ್ನಿನಲ್ಲಿ ಗುಂಡಿಗೆ ಬಲಿಯಾದ.

ಕನಫಾನಿಯ 1963ರ ಕಾದಂಬರಿಯಲ್ಲಿ ಮೂವರು ಫೆಲೆಸ್ತೀನಿಯರು ಕುವೈತಿಗೆ ನುಸುಳಲು ಹೋಗಿ ನೀರಿನ ಟ್ಯಾಂಕರಿನೊಳಗೆ ಸಾಯುತ್ತಾರೆ. ಫ್ಲೇಫೆಲ್ 2024ರಲ್ಲಿ ತೆಗೆದ ಕಥಾಚಿತ್ರದಲ್ಲಿ ಇಬ್ಬರು ಸೋದರಸಂಬಂಧಿಗಳು ಅಥೆನ್ಸ್‌ನಲ್ಲಿ ಸಿಕ್ಕಿಬಿದ್ದು, ಜರ್ಮನಿ ತಲುಪಲು ಕಳ್ಳತನಕ್ಕೂ ಇಳಿಯುತ್ತಾರೆ. ಅಲ್ಲಿ ಒಂದು ಹೋಟೆಲು ತೆರೆಯುವುದಷ್ಟೇ ಅವರ ಆಸೆ. ಒಬ್ಬನ ಹೆಸರು ರಿದಾ. ಇನ್ನೊಬ್ಬನದು ಶಾತೀಲಾ. ಅಜ್ಜಂದಿರು ಮೊಹಲ್ಲಾಗಳಿಗೆ ಊರಿನ ಹೆಸರಿಟ್ಟಿದ್ದರು. ಈ ಹುಡುಗನ ಹೆಸರು 1982ರ ಸೆಪ್ಟೆಂಬರಿನಲ್ಲಿ ಹತ್ಯಾಕಾಂಡ ನಡೆದ ಬೈರೂತಿನ ಶಿಬಿರದ್ದು.