ಕೂರ್ಮ, ಕಚ್ಛಪ, ಕಮಠ: ಶ್ರಮಣ ಸಾಹಿತ್ಯದಲ್ಲಿ ಆಮೆ

ಬಸದಿಯ ಗರ್ಭಗೃಹದಲ್ಲಿ ನಿಂತ ಜಿನಬಿಂಬ ಯಾವ ತೀರ್ಥಂಕರನದೆಂದು ತಿಳಿಯಬೇಕಾದರೆ ಮುಖವನ್ನು ನೋಡಿ ಪ್ರಯೋಜನವಿಲ್ಲ. ಧ್ಯಾನಮುದ್ರೆ ಒಂದೇ, ಶಾಂತಭಾವ ಒಂದೇ. ತಲೆಯ ಮೇಲೆ ಹೆಡೆಗಳಿದ್ದರೆ ಪಾರ್ಶ್ವನಾಥ ಇಲ್ಲವೆ ಸುಪಾರ್ಶ್ವನಾಥ, ಹೆಗಲಿಗೆ ಇಳಿದ ಜಟೆಯಿದ್ದರೆ ಆದಿನಾಥ. ಉಳಿದವರನ್ನು ಗುರುತಿಸಲು ನಾವು ಬಗ್ಗಿ ಪೀಠವನ್ನೇ ನೋಡಬೇಕು. ಅಲ್ಲಿ ಕೆತ್ತಿದ ಪುಟ್ಟ ಆಮೆಯೊಂದು ಕಂಡರೆ ಆ ಬಿಂಬ ಇಪ್ಪತ್ತನೆಯ ತೀರ್ಥಂಕರ ಮುನಿಸುವ್ರತನದು. ರಾಜಗೃಹದಲ್ಲಿ, ಹರಿವಂಶದಲ್ಲಿ ಹುಟ್ಟಿದವನೆಂದು ಪುರಾಣಗಳು ಹೇಳುವ ಈ ಜಿನನ ತೀರ್ಥಕಾಲದಲ್ಲಿಯೇ ರಾಮ, ಲಕ್ಷ್ಮಣ, ರಾವಣರು ಬಾಳಿದರೆಂಬುದು ಜೈನ ರಾಮಾಯಣಗಳ ಸಮ್ಮತ. ಲಾಂಛನಗಳ ಪಟ್ಟಿಯಲ್ಲಿ ಕೆಲವು ಕಡೆ ದಿಗಂಬರ, ಶ್ವೇತಾಂಬರ ಪರಂಪರೆಗಳಿಗೆ ಭಿನ್ನಾಭಿಪ್ರಾಯವಿದೆ. ಆಮೆಯ ವಿಷಯದಲ್ಲಿ ಇಲ್ಲ. ಇಬ್ಬರೂ ಅದನ್ನು ಮುನಿಸುವ್ರತನಿಗೇ ಕೊಟ್ಟಿದ್ದಾರೆ.

ಆಮೆ ಎಂಬ ಮಾತು ದ್ರಾವಿಡ ಭಾಷೆಗಳ ಹಳೆಯ ಸೊತ್ತು. ತಮಿಳಿನಲ್ಲಿ ಆಮೈ, ಅದಕ್ಕೂ ಹಿಂದಿನ ರೂಪ ಯಾಮೈ, ಮಲಯಾಳದಲ್ಲಿ ಆಮ. ಸಂಸ್ಕೃತದ ಕೂರ್ಮ, ಕಚ್ಛಪ, ಕಮಠ ಈ ಮೂರನ್ನೂ ಅಮರಕೋಶ ಪರ್ಯಾಯಪದಗಳಾಗಿ ಕೊಡುತ್ತದೆ. ವೈದಿಕ ಸಾಹಿತ್ಯದಲ್ಲಿ ಕೂರ್ಮಕ್ಕೆ ಸೃಷ್ಟಿಯ ಗೌರವವಿದೆ. ಶತಪಥಬ್ರಾಹ್ಮಣದ ಅಗ್ನಿಚಯನ ಪ್ರಕರಣದಲ್ಲಿ ವೇದಿಕೆಯೊಳಗೆ ಜೀವಂತ ಆಮೆಯನ್ನು ಇಡುವ ವಿಧಿ ಬರುತ್ತದೆ. ಅದರ ಕೆಳಚಿಪ್ಪು ಭೂಮಿ, ಮೇಲ್ಚಿಪ್ಪು ಆಕಾಶ ಎಂಬ ವಿವರಣೆಯೂ ಅಲ್ಲಿಯೇ ಇದೆ. ಮುಂದೆ ಪುರಾಣಗಳಲ್ಲಿ ಮಂದರವನ್ನು ಹೊತ್ತ ಕೂರ್ಮಾವತಾರವಾಗಿ ಬೆಳೆದದ್ದು ಈ ಜಗದಾಧಾರದ ಕಲ್ಪನೆಯೇ. ಶ್ರಮಣ ಸಾಹಿತ್ಯ ಹಿಡಿದ ದಾರಿ ಬೇರೆ. ಅದು ಆಮೆಯ ಬೆನ್ನಿನ ಮೇಲೆ ಏನಿದೆ ಎಂದು ಕೇಳಲಿಲ್ಲ; ಆಮೆ ತನ್ನ ಅಂಗಗಳನ್ನು ಏನು ಮಾಡುತ್ತದೆ ಎಂಬುದನ್ನು ಗಮನಿಸಿತು.

ಈ ಗಮನಿಕೆಯ ಸವಿಸ್ತಾರ ರೂಪ ಶ್ವೇತಾಂಬರ ಆಗಮಗಳಲ್ಲಿ ಆರನೆಯ ಅಂಗವಾದ ‘ನಾಯಾಧಮ್ಮಕಹಾಓ’ ಗ್ರಂಥದ ನಾಲ್ಕನೆಯ ಅಧ್ಯಯನದಲ್ಲಿದೆ. ಅದರ ಹೆಸರೇ ‘ಕುಮ್ಮ’. ಸುಧರ್ಮಸ್ವಾಮಿ ಜಂಬೂಸ್ವಾಮಿಗೆ ಹೇಳುವ ಕಥೆ ಹೀಗಿದೆ. ವಾರಾಣಸಿಯ ಬಳಿ ಗಂಗೆಯ ಸಮೀಪ ಒಂದು ಮಡು. ಸಂಜೆ ಕಳೆದು ಜನಸಂಚಾರ ನಿಂತ ಮೇಲೆ ಎರಡು ಆಮೆಗಳು ಆಹಾರ ಹುಡುಕುತ್ತ ದಡಕ್ಕೆ ಬರುತ್ತವೆ. ಅದೇ ಹೊತ್ತಿಗೆ ಪೊದೆಯಿಂದ ಎರಡು ನರಿಗಳೂ ಹೊರಡುತ್ತವೆ. ನರಿಗಳನ್ನು ಕಂಡೊಡನೆ ಆಮೆಗಳು ಕಾಲು, ಕೊರಳುಗಳನ್ನು ಚಿಪ್ಪಿನೊಳಗೆ ಎಳೆದುಕೊಂಡು ಅಲುಗದೆ ಕೂರುತ್ತವೆ. ನರಿಗಳು ಹೊರಳಿಸಿ, ಉರುಳಿಸಿ, ಉಗುರಿನಿಂದ ಕೆರೆದು, ಹಲ್ಲಿನಿಂದ ಕಚ್ಚಿ ನೋಡಿದರೂ ಏನೂ ಆಗುವುದಿಲ್ಲ. ಕೊನೆಗೆ ಅವು ದೂರ ಸರಿದು ಮರೆಯಲ್ಲಿ ಕಾಯುತ್ತವೆ. ನರಿಗಳು ಹೋಗಿ ಬಹಳ ಹೊತ್ತಾಯಿತೆಂದು ಬಗೆದ ಒಂದು ಆಮೆ ಮೆಲ್ಲನೆ ಒಂದು ಕಾಲನ್ನು ಹೊರಚಾಚುತ್ತದೆ. ನರಿಗಳು ಎರಗಿ ಆ ಕಾಲನ್ನು ತಿನ್ನುತ್ತವೆ. ಮತ್ತೆ ಇನ್ನೊಂದು ಕಾಲು, ಮತ್ತೊಂದು, ಕಡೆಗೆ ಕೊರಳು. ಹೀಗೆ ಒಂದೊಂದಾಗಿ ಹೊರಬಂದ ಅಂಗಗಳೇ ಆ ಆಮೆಯ ಸಾವಿಗೆ ದಾರಿಯಾಗುತ್ತವೆ.

ಎರಡನೆಯ ಆಮೆಯ ನಡೆ ಕಥೆಯ ತಿರುಳು. ಅದು ಬಹುಕಾಲ ಅಲುಗುವುದಿಲ್ಲ. ನರಿಗಳು ಬೇಸತ್ತು ಹೊರಟುಹೋದ ಮೇಲೆ ಮೊದಲು ಕೊರಳನ್ನಷ್ಟೇ ಹೊರತೆಗೆದು ಎಲ್ಲ ದಿಕ್ಕುಗಳನ್ನೂ ನೋಡುತ್ತದೆ. ಅಪಾಯವಿಲ್ಲವೆಂದು ಖಚಿತವಾದ ಬಳಿಕ ನಾಲ್ಕು ಕಾಲುಗಳನ್ನೂ ಒಟ್ಟಿಗೆ ಹೊರತೆಗೆದು ವೇಗವಾಗಿ ಮಡುವಿಗೆ ಸೇರಿ ತನ್ನವರನ್ನು ಕೂಡಿಕೊಳ್ಳುತ್ತದೆ. ಪಂಚೇಂದ್ರಿಯಗಳನ್ನು ಗೋಪನ ಮಾಡದ ಶ್ರಮಣ ಮೊದಲನೆಯ ಆಮೆಯಂತೆ, ಗೋಪನ ಮಾಡಿದವನು ಎರಡನೆಯದರಂತೆ ಎಂಬುದು ಉಪನಯ. ಸಂಯಮವೆಂದರೆ ಮುಚ್ಚಿಕೊಂಡಿರುವುದು ಮಾತ್ರವಲ್ಲ, ಯಾವಾಗ ಮತ್ತು ಹೇಗೆ ತೆರೆಯಬೇಕೆಂಬ ವಿವೇಕವೂ ಹೌದು ಎಂಬುದನ್ನು ಕಥೆ ಉಪದೇಶದ ಮಾತಿಲ್ಲದೆ, ಆಮೆಯ ನಡೆಯಿಂದಲೇ ತೋರಿಸಿಬಿಡುತ್ತದೆ.

ಬೌದ್ಧರ ಸಂಯುತ್ತನಿಕಾಯದಲ್ಲಿಯೂ ಇದೇ ದೃಶ್ಯವಿದೆ. ಅಲ್ಲಿ ಆಮೆ ಒಂದೇ, ನರಿಯೂ ಒಂದೇ. ನದಿಯ ದಡ, ಸಂಜೆಯ ಹೊತ್ತು. ಆಮೆ ನಾಲ್ಕು ಕಾಲು, ಕೊರಳು ಎಂಬ ಐದು ಅಂಗಗಳನ್ನು ಒಳಗೆಳೆದುಕೊಳ್ಳುತ್ತದೆ. ನರಿ ಕಾದು ನಿರಾಶೆಯಿಂದ ಹೋಗುತ್ತದೆ. ಹೀಗೆಯೇ ಮಾರನು ಭಿಕ್ಷುವಿನ ಆರು ಇಂದ್ರಿಯದ್ವಾರಗಳ ಬಳಿ ಕಾಯುತ್ತಾನೆ ಎಂದು ಬುದ್ಧನ ವಿವರಣೆ. ಭಗವದ್ಗೀತೆಯ ಎರಡನೆಯ ಅಧ್ಯಾಯದಲ್ಲಿ ಸ್ಥಿತಪ್ರಜ್ಞನ ಲಕ್ಷಣವನ್ನು ಹೇಳುವಾಗ ಅಂಗಗಳನ್ನು ಸೆಳೆದುಕೊಳ್ಳುವ ಕೂರ್ಮದ ಹೋಲಿಕೆ ಬರುವುದು ಎಲ್ಲರಿಗೂ ತಿಳಿದದ್ದೇ. ಅಲ್ಲಿ ನರಿಯಿಲ್ಲ, ರಾತ್ರಿಯಿಲ್ಲ, ಭಯವೂ ಇಲ್ಲ. ಸೂತ್ರಕೃತಾಂಗದಲ್ಲಿಯೂ ಕಥೆಯ ಹಂಗಿಲ್ಲದ ಇಂಥದೇ ಒಂದು ಹೋಲಿಕೆ ಇದೆ.

ಇಂಥ ಸಾಮ್ಯ ಕಂಡಾಗ ಯಾರು ಯಾರಿಂದ ಪಡೆದರು ಎಂಬ ಪ್ರಶ್ನೆ ವಿದ್ಯಾರ್ಥಿಗಳಲ್ಲಿ ಏಳುವುದು ಸಹಜ. ಆದರೆ ಒಂದು ಉಪಮೆಯ ಆಧಾರದಿಂದ ಋಣದ ಲೆಕ್ಕ ಬರೆಯುವುದು ದುಡುಕು. ಗಂಗೆಯ ಬಯಲಿನಲ್ಲಿ ಅಲೆದ ಪರಿವ್ರಾಜಕರೆಲ್ಲರ ಕಣ್ಣಿಗೂ ಆಮೆ ಬಿದ್ದಿರಬೇಕು. ಅಲ್ಲಿನ ಕೆರೆಕುಂಟೆಗಳಲ್ಲಿ ಇಂದಿಗೂ ಕಾಣುವ ಒಂದು ಜಾತಿಯ ಆಮೆಗೆ ಕೆಳಚಿಪ್ಪಿನ ಹಿಂಬದಿಯಲ್ಲಿ ಮುಚ್ಚಳದಂಥ ಮಡಿಕೆಗಳಿದ್ದು, ಹಿಂಗಾಲುಗಳನ್ನು ಎಳೆದುಕೊಂಡೊಡನೆ ಅವು ಮುಚ್ಚಿಕೊಳ್ಳುತ್ತವೆ. ನೋಟ ಸಾಮಾನ್ಯವಾದದ್ದು, ಅದನ್ನು ದುಡಿಸಿಕೊಂಡ ಬಗೆ ಆಯಾ ದರ್ಶನದ್ದು. ಗೀತೆ ಪ್ರಜ್ಞೆಯ ಸ್ಥಿರತೆಯನ್ನು, ಸಂಯುತ್ತನಿಕಾಯ ಮಾರನ ಹೊಂಚನ್ನು, ಜೈನ ಆಗಮ ಸೋತ ಆಮೆ ಮತ್ತು ಗೆದ್ದ ಆಮೆಗಳ ಹೋಲಿಕೆಯನ್ನು ಮುಂದಿಡುತ್ತವೆ. ಸಾಮ್ಯಕ್ಕಿಂತ ಈ ವ್ಯತ್ಯಾಸವೇ ಸಂಶೋಧಕನಿಗೆ ಹೆಚ್ಚಿನದನ್ನು ಹೇಳಬಲ್ಲದು.

ಮಾತಿನ ಚಪಲದಿಂದ ಸತ್ತ ಆಮೆಯ ಕಥೆಯನ್ನೂ ಇದೇ ಬೆಳಕಿನಲ್ಲಿ ನೋಡಬಹುದು. ಪಂಚತಂತ್ರದ ಕಂಬುಗ್ರೀವನೆಂಬ ಆಮೆ ಎರಡು ಹಂಸಗಳು ಹಿಡಿದ ಕೋಲನ್ನು ಕಚ್ಚಿಕೊಂಡು ಬತ್ತುತ್ತಿರುವ ಕೆರೆಯಿಂದ ಹಾರಿಹೋಗುವಾಗ ಬಾಯಿ ತೆರೆದು ಬೀಳುತ್ತದೆ. ಕಚ್ಛಪ ಜಾತಕದಲ್ಲಿ ಅದು ಬೀಳುವುದು ವಾರಾಣಸಿಯ ಅರಮನೆಯ ಅಂಗಳದಲ್ಲಿ. ಪಾಠ ಕಲಿಯುವವನು ಅತಿಯಾಗಿ ಮಾತಾಡುವ ಅರಸ. ಜಾವಾದ ಮೆಂಡುಟ್ ಬೌದ್ಧಾಲಯದ ಗೋಡೆಯ ಮೇಲೂ ಈ ದೃಶ್ಯ ಶಿಲ್ಪವಾಗಿದೆ. ಜೈನ ಪರಿಭಾಷೆಯಲ್ಲಿ ಹೇಳುವುದಾದರೆ ಮನೋಗುಪ್ತಿ, ವಚನಗುಪ್ತಿ, ಕಾಯಗುಪ್ತಿಗಳಲ್ಲಿ ಗಂಗಾತೀರದ ಆಮೆ ಕಾಯಗುಪ್ತಿಯಲ್ಲಿಯೂ ಹಂಸಗಳ ಗೆಳೆಯ ವಚನಗುಪ್ತಿಯಲ್ಲಿಯೂ ತಪ್ಪಿದವು. ಇದು ನನ್ನ ಓದೇ ಹೊರತು ಆ ಗ್ರಂಥಗಳ ಮಾತಲ್ಲ.

ಕನ್ನಡದ ಕವಿಗಳಿಗೆ ಈ ಆಗಮಕಥೆ ನೇರವಾಗಿ ದೊರೆಯಿತೆಂದು ಹೇಳುವಂತಿಲ್ಲ. ನಮ್ಮ ಪ್ರಾಚೀನ ಜೈನ ಕವಿಗಳು ದಿಗಂಬರ ಆಮ್ನಾಯದವರು. ಅವರ ಪರಂಪರೆಯಲ್ಲಿಯೂ ದ್ವಾದಶಾಂಗಗಳ ಪಟ್ಟಿಯಲ್ಲಿ ಈ ಅಂಗದ ಹೆಸರು ಉಂಟು, ಆದರೆ ಅಂಗಗ್ರಂಥಗಳು ಲುಪ್ತವಾದವೆಂಬುದು ಅವರ ನಿಲುವು. ಹಾಗಿದ್ದರೂ ನರಿಯ ಎದುರಿನ ನಿಶ್ಚಲತೆ ಕನ್ನಡಕ್ಕೆ ಬೇರೊಂದು ದಾರಿಯಿಂದ ಬಂದಿದೆ. ವಡ್ಡಾರಾಧನೆಯ ಮೊದಲ ಕಥೆಯ ಸುಕುಮಾರಸ್ವಾಮಿಯನ್ನು ನೆನೆಯಬೇಕು. ಮರಿಗಳೊಡನೆ ಬಂದ ಹೆಣ್ಣುನರಿ ಅವನ ದೇಹವನ್ನು ತಿನ್ನುತ್ತದೆ, ಅವನು ಅಲುಗುವುದಿಲ್ಲ. ಈ ಉಪಸರ್ಗ ಮೂರು ರಾತ್ರಿ ನಡೆಯಿತೆಂದು ಭಗವತೀ ಆರಾಧನೆ ಹೇಳುತ್ತದೆ. ಆಮೆ ಅಂಗಗಳನ್ನು ಒಳಗೆಳೆದುಕೊಂಡು ಒಡಲನ್ನು ಉಳಿಸಿಕೊಂಡಿತು. ಸುಕುಮಾರನಿಗೆ ಚಿಪ್ಪಿಲ್ಲ, ಅವನು ಒಡಲನ್ನೇ ಬಿಟ್ಟುಕೊಟ್ಟು ತನ್ನನ್ನು ಒಳಗೆಳೆದುಕೊಂಡ. ಉಪಮೆ ನಿಂತಲ್ಲಿಂದ ಆರಾಧನೆಯ ಕಥೆ ಮುಂದಕ್ಕೆ ಹೋಗುತ್ತದೆ.

ಇನ್ನು ಕಮಠನ ಹೆಸರು. ಪಾರ್ಶ್ವನಾಥನನ್ನು ಭವಭವಗಳಲ್ಲಿ ವೈರದಿಂದ ಬೆನ್ನಟ್ಟಿದ ಜೀವ ಮೊದಲ ಭವದಲ್ಲಿ ಪೋದನಪುರದ ಕಮಠ. ತಮ್ಮ ಮರುಭೂತಿ ಕ್ಷಮೆ ಕೇಳಲು ಬಂದಾಗ, ತಲೆಯ ಮೇಲೆತ್ತಿ ತಪಸ್ಸು ಮಾಡುತ್ತಿದ್ದ ಬಂಡೆಯನ್ನೇ ಅವನ ಮೇಲೆ ಎತ್ತಿಹಾಕಿ ಕೊಂದವನು. ಜಿನಸೇನಾಚಾರ್ಯರ ಪಾರ್ಶ್ವಾಭ್ಯುದಯ, ಕನ್ನಡದ ಪಾರ್ಶ್ವಪಂಡಿತನ ಪುರಾಣ ಈ ವೈರದ ಕಥೆಯ ಮೇಲೆ ನಿಂತಿವೆ. ಕಮಠವೆಂದರೆ ಆಮೆ. ಸಂಯಮದ ಪ್ರತಿಮೆಯಾದ ಪ್ರಾಣಿಯ ಹೆಸರು ಕಷಾಯವನ್ನು ಬಿಡಲಾರದವನಿಗೆ ಬಂದಿರುವುದು ಕುತೂಹಲದ ಸಂಗತಿ. ಆದರೂ ಹೆಸರಿನ ಅರ್ಥದಿಂದ ಕಥೆಯನ್ನು ಬಿಡಿಸಲು ಹೊರಟರೆ ಚಮತ್ಕಾರ ಸಿಕ್ಕೀತು, ಚರಿತ್ರೆ ಸಿಗದು.

ಚರಿತ್ರೆಯ ಪ್ರಶ್ನೆ ನಮ್ಮನ್ನು ಮತ್ತೆ ಪೀಠದ ಬಳಿಗೆ ತರುತ್ತದೆ. ಮಥುರೆಯ ಕಂಕಾಲಿ ತಿಲಾದಲ್ಲಿ ದೊರೆತು ಈಗ ಲಖನೌ ಸಂಗ್ರಹಾಲಯದಲ್ಲಿರುವ ಕುಷಾಣಕಾಲದ ಒಂದು ಪೀಠದ ಮೇಲೆ, ‘ದೇವನಿರ್ಮಿತ’ ಸ್ತೂಪದಲ್ಲಿ ಅರ್ಹತ್ ಪ್ರತಿಮೆಯನ್ನು ಸ್ಥಾಪಿಸಿದ ಲೇಖವಿದೆ. ಅದರ ವರ್ಷವನ್ನು 79 ಎಂದು ಕೆಲವರು, 49 ಎಂದು ಕೆಲವರು ಓದಿದ್ದಾರೆ. ಅರ್ಹಂತನ ಹೆಸರಿನ ಜಾಗದಲ್ಲಿ ಬ್ಯೂಲರ್ ‘ನಂದ್ಯಾವರ್ತ’ ಎಂದು ಓದಿ, ಆ ಲಾಂಛನವುಳ್ಳ ಅರನಾಥನ ಪ್ರತಿಮೆ ಇದೆಂದರು. ನಂದ್ಯಾವರ್ತ ಅರನಾಥನದೆಂಬುದು ಶ್ವೇತಾಂಬರ ಸಂಪ್ರದಾಯ; ದಿಗಂಬರರಲ್ಲಿ ಅವನ ಲಾಂಛನ ಮೀನು. ಮುಂದೆ ಕೆ. ಡಿ. ಬಾಜಪೇಯಿ ಅದೇ ಅಕ್ಷರಗಳನ್ನು ‘ಮುನಿಸುವ್ರತ’ ಎಂದು ಓದಿದರು. ಮಥುರೆಯ ಕುಷಾಣಕಾಲದ ಬಿಂಬಗಳಲ್ಲಿ ಲಾಂಛನವನ್ನು ಕೆತ್ತುವ ರೂಢಿಯೇ ಇರಲಿಲ್ಲ. ಅದು ಕಾಣತೊಡಗುವುದು ಗುಪ್ತರ ಕಾಲದಿಂದ. ರಾಜಗೃಹದ ವೈಭಾರಗಿರಿಯ ಶಂಖಲಾಂಛನದ ನೇಮಿನಾಥ ಇದಕ್ಕೆ ಪ್ರಸಿದ್ಧ ನಿದರ್ಶನ. ಮಥುರೆಯ ಆ ಪೀಠದ ಮೇಲೆ ಅಂಗುಲದಷ್ಟು ಆಮೆಯೊಂದು ಇದ್ದಿದ್ದರೆ ಈ ಚರ್ಚೆಗೆ ಅವಕಾಶವೇ ಇರುತ್ತಿರಲಿಲ್ಲ.

ನಮ್ಮ ಊರೂರ ಬಸದಿಗಳಲ್ಲಿ ಇದರ ಮರುಕಳಿಕೆ ಆಗಬಾರದು. ಶತಮಾನಗಳ ಅಭಿಷೇಕದಿಂದ ಸವೆದ ಪೀಠಗಳಲ್ಲಿ ಕೂರ್ಮ ಒಂದು ಗುಬುಟಾಗಿ ಮಾತ್ರ ಉಳಿದಿರುವುದುಂಟು. ಜೀರ್ಣೋದ್ಧಾರದ ಉತ್ಸಾಹದಲ್ಲಿ ಆ ಗುಬುಟನ್ನು ಉಜ್ಜಿ ನುಣುಪು ಮಾಡಿದರೆ, ಸಿಮೆಂಟಿನಿಂದ ಮುಚ್ಚಿದರೆ, ಒಬ್ಬ ತೀರ್ಥಂಕರನ ಗುರುತೇ ಅಳಿಯುತ್ತದೆ. ಕ್ಷೇತ್ರಕಾರ್ಯಕ್ಕೆ ಹೊರಡುವ ವಿದ್ಯಾರ್ಥಿಗಳು ಬಿಂಬದ ಮುಖದ ಚಿತ್ರದೊಂದಿಗೇ ಮರಳದೆ, ನೆಲಕ್ಕೆ ಬಾಗಿ, ಓರೆಬೆಳಕಿನಲ್ಲಿ ಪೀಠದ ಚಿತ್ರವನ್ನೂ ತೆಗೆದುಕೊಂಡು ಬರಲಿ. ಎರಡನೆಯ ಆಮೆಯಂತೆ ಎಲ್ಲ ದಿಕ್ಕುಗಳನ್ನೂ ನೋಡಿದ ಮೇಲೆ ಹೆಜ್ಜೆಯಿಡುವುದು ಸಂಶೋಧನೆಗೂ ಒಪ್ಪುವ ಮಾತು.