ವೇರಿಯಬಲ್‌ಗಳ ಆಯುಷ್ಯ

ಪ್ರೋಗ್ರಾಮಿನಲ್ಲಿ ಹೆಸರಿಟ್ಟು ಬಳಸುವ ಪ್ರತಿ ವೇರಿಯಬಲ್‌ಗೂ ಮೆಮೊರಿಯಲ್ಲಿ ಒಂದಿಷ್ಟು ಜಾಗ ಬೇಕು. ಆ ಜಾಗವನ್ನು ಯಾವಾಗ ಕೊಡಬೇಕು ಎನ್ನುವುದು ಅಷ್ಟೇನೂ ಕಷ್ಟದ ಪ್ರಶ್ನೆಯಲ್ಲ. ಯಾವಾಗ ಹಿಂದಕ್ಕೆ ಪಡೆಯಬೇಕು, ಪಡೆಯುವವರು ಯಾರು ಎಂಬಲ್ಲೇ ಭಾಷೆಗಳು ದಾರಿ ಬೇರೆ ಮಾಡಿಕೊಂಡವು.

ಜಾನ್ ಬ್ಯಾಕಸ್ ಮತ್ತು ಸಂಗಡಿಗರು 1957ರಲ್ಲಿ ಐಬಿಎಂ 704 ಯಂತ್ರಕ್ಕೆ ರೂಪಿಸಿದ ಫೋರ್ಟ್ರಾನ್ ಹಿಂದಕ್ಕೆ ಪಡೆಯುವ ಗೋಜಿಗೇ ಹೋಗಲಿಲ್ಲ. ಪ್ರೋಗ್ರಾಂ ಓಡುವ ಮುನ್ನವೇ ಕಂಪೈಲರ್ ಪ್ರತಿ ವೇರಿಯಬಲ್‌ಗೂ ಖಾಯಂ ವಿಳಾಸ ಗೊತ್ತುಮಾಡುತ್ತಿತ್ತು. ಇದರಿಂದ ವೇಗವೇನೋ ಸಿಕ್ಕಿತು. ಆದರೆ ಸಬ್‌ರುಟೀನ್ ತನ್ನನ್ನೇ ಕರೆದುಕೊಂಡರೆ ಹೊಸ ಬೆಲೆ ಹಳೆಯದನ್ನು ಅಳಿಸಿಹಾಕುತ್ತದೆ. ಹೀಗೆ ತನ್ನನ್ನೇ ಕರೆದುಕೊಳ್ಳುವ ರಿಕರ್ಷನ್‌ಗೆ ಫೋರ್ಟ್ರಾನ್ ಮಾನಕದಲ್ಲಿ ಜಾಗ ಸಿಕ್ಕಿದ್ದು ಫೋರ್ಟ್ರಾನ್ 90ರಲ್ಲಿ.

ಆಲ್ಗಾಲ್ 60 ಬ್ಲಾಕ್‌ಗಳನ್ನು ಮುಂದಿಟ್ಟಿತು. ಬ್ಲಾಕಿನೊಳಗೆ ಕಾಲಿಟ್ಟಾಗ ಹುಟ್ಟುವ ವೇರಿಯಬಲ್, ಹೊರಬಂದಾಗ ಇಲ್ಲವಾಗುತ್ತದೆ. ಇದಕ್ಕೆ ಹೇಳಿಮಾಡಿಸಿದ ವ್ಯವಸ್ಥೆ, ಕೊನೆಗೆ ಇಟ್ಟದ್ದನ್ನು ಮೊದಲು ತೆಗೆಯುವ ಸ್ಟ್ಯಾಕ್. 1960ರ ಆಗಸ್ಟ್‌ನಲ್ಲಿ ಆಮ್‌ಸ್ಟರ್‌ಡ್ಯಾಂನಲ್ಲಿ ಡೈಕ್‌ಸ್ಟ್ರಾ ಮತ್ತು ಜಾನವೆಲ್ಡ್ ಎಕ್ಸ್1 ಯಂತ್ರದ ಮೇಲೆ ರಿಕರ್ಷನ್ ಸಹಿತ ಆಲ್ಗಾಲ್ ಓಡಿಸಿ ತೋರಿಸಿದರು. ಬ್ಲಾಕ್ ಮುಗಿದರೂ ಬೆಲೆ ಉಳಿಸಿಕೊಳ್ಳುವ ‘ಓನ್’ ವೇರಿಯಬಲ್‌ಗಳೂ ಈ ಭಾಷೆಯಲ್ಲಿದ್ದವು. ಮೊದಲ ಸಲ ಅವುಗಳಲ್ಲಿ ಯಾವ ಬೆಲೆ ಇರಬೇಕೆಂದು ಯಾರೂ ಹೇಳಿರಲಿಲ್ಲ! ಅನೇಕ ಕಂಪೈಲರ್‌ಗಳು ಅವುಗಳ ಸಹವಾಸವನ್ನೇ ಬಿಟ್ಟವು.

ಅದೇ ಹೊತ್ತಿಗೆ ಎಂಐಟಿಯಲ್ಲಿ ಜಾನ್ ಮೆಕಾರ್ಥಿ ಲಿಸ್ಪ್ ಕಟ್ಟುತ್ತಿದ್ದರು. ಅದರ ಪಟ್ಟಿಗಳಿಗೆ ಬ್ಲಾಕಿನ ಗಡಿ ಲೆಕ್ಕಕ್ಕಿಲ್ಲ. ಯಾರಾದರೂ ನೆನೆಯುತ್ತಿರುವವರೆಗೂ ಅವು ಬದುಕಿರಬೇಕು. ಹಾಗಾಗಿ ಜಾಗ ಮುಗಿದಾಗ ಯಾರಿಗೂ ಬೇಡವಾದದ್ದನ್ನು ಹುಡುಕಿ ಗುಡಿಸುವ ಗಾರ್ಬೇಜ್ ಕಲೆಕ್ಟರ್ ಬಂತು. ಉದ್ಯಮದ ಅತಿಥಿಗಳ ಮುಂದೆ ಲಿಸ್ಪ್ ಪ್ರದರ್ಶನ ನಡೆದಿದ್ದಾಗ ಈ ಕಲೆಕ್ಟರ್ ಕರೆಯದೇ ಎದ್ದುಬಂತು. ಸೆಕೆಂಡಿಗೆ ಹತ್ತು ಅಕ್ಷರ ಬಡಿಯುವ ಟೈಪ್‌ರೈಟರ್, ‘ಕಸ ಗುಡಿಸುವವರನ್ನು ಕರೆಯಲಾಗಿದೆ’ ಎಂಬರ್ಥದ ಪ್ರಕಟಣೆಯನ್ನೂ ಅದರ ಹಿಂದೆ ಅಂಕಿಅಂಶಗಳನ್ನೂ ನಿಧಾನವಾಗಿ ಹೊಡೆಯತೊಡಗಿತು. ಸಭೆ ನಕ್ಕು ಸುಸ್ತಾಯಿತು. ಯಾರೋ ಕೀಟಲೆ ಮಾಡಿದ್ದಾರೆಂದೇ ಕೆಲವರು ಭಾವಿಸಿರಬೇಕೆಂದು ಮೆಕಾರ್ಥಿ ಮುಂದೆ ಬರೆದುಕೊಂಡರು. ಆ ನಗೆಪಾಟಲಿನ ಉಪಾಯವೇ ಇಂದು ಜಾವಾ, ಗೋ, ಜಾವಾಸ್ಕ್ರಿಪ್ಟ್ ಭಾಷೆಗಳನ್ನು ಪೊರೆಯುತ್ತಿದೆ.

1970ರ ದಶಕದ ಆರಂಭದಲ್ಲಿ ಬೆಲ್ ಲ್ಯಾಬ್ಸ್‌ನಲ್ಲಿ ಡೆನ್ನಿಸ್ ರಿಚ್ಚಿ ರೂಪಿಸಿದ ಸಿ ಭಾಷೆ ಹೊಣೆಯನ್ನೆಲ್ಲ ಬರೆಯುವವರ ಹೆಗಲಿಗೇರಿಸಿತು. ‘ಆಟೋ’ ಎಂದರೆ ಸ್ಟ್ಯಾಕ್, ‘ಸ್ಟ್ಯಾಟಿಕ್’ ಎಂದರೆ ಕೊನೆಯವರೆಗೆ. ‘ಮ್ಯಾಲಕ್’ನಿಂದ ಪಡೆದದ್ದನ್ನು ‘ಫ್ರೀ’ ಎಂದು ಬರೆದವರೇ ಮರಳಿಸಬೇಕು. ಮರಳಿಸಿದ ಮೇಲೂ ಆ ಜಾಗದ ವಿಳಾಸ ಹಿಡಿದ ಹಳೆಯ ಪಾಯಿಂಟರ್ ಕೈಯಲ್ಲಿ ಉಳಿದರೆ, ಖಾಲಿ ಮಾಡಿದ ಬಾಡಿಗೆ ಮನೆಯ ಬೀಗದ ಕೈ ಇಟ್ಟುಕೊಂಡಂತೆ: ಒಳಗೆ ಈಗ ಬೇರೆ ಸಂಸಾರವಿರಬಹುದು. ಕ್ರೋಮ್ ಬ್ರೌಸರಿನ ಗಂಭೀರ ಭದ್ರತಾ ದೋಷಗಳಲ್ಲಿ ಶೇ. 70ರಷ್ಟು ಮೆಮೊರಿಗೆ ಸಂಬಂಧಿಸಿದವು, ಅವುಗಳಲ್ಲಿ ಅರ್ಧ ಇಂಥ ಬಿಟ್ಟ ಜಾಗದ ಬಳಕೆಯವು ಎಂದು ಕ್ರೋಮಿಯಂ ತಂಡ 2020ರಲ್ಲಿ ಹೇಳಿತು.

2015ರ ಮೇ ತಿಂಗಳಲ್ಲಿ 1.0 ಆವೃತ್ತಿ ಕಂಡ ರಸ್ಟ್ ಭಾಷೆ ಜಾಗ ಹಿಂದಕ್ಕೆ ಪಡೆಯುವ ಲೆಕ್ಕವನ್ನು ಕಂಪೈಲರ್‌ಗೆ ಒಪ್ಪಿಸಿತು. ಪ್ರತಿ ಮೌಲ್ಯಕ್ಕೂ ಒಬ್ಬ ಒಡೆಯ. ಒಡೆಯ ಹೋದೊಡನೆ ಜಾಗವೂ ತೆರವು. ಎರವಲು ಪಡೆದವರು ಒಡೆಯನಿಗಿಂತ ಹೆಚ್ಚು ಬಾಳುವಂತಿದ್ದರೆ ಪ್ರೋಗ್ರಾಂ ಕಂಪೈಲ್ ಆಗುವುದೇ ಇಲ್ಲ. ಹೊಸಬರು ಈ ಕಟ್ಟುನಿಟ್ಟಿನೊಡನೆ ಗುದ್ದಾಡುವುದು ಸಾಮಾನ್ಯ.

ಆಯುಷ್ಯದ ನಿಯಮಗಳಿಗೆ ಸಣ್ಣ ತಿದ್ದುಪಡಿಗಳು ಇನ್ನೂ ನಿಂತಿಲ್ಲ. ಗೋ ಭಾಷೆಯಲ್ಲಿ ಫಾರ್ ಲೂಪಿನ ವೇರಿಯಬಲ್ ಪ್ರತಿ ಸುತ್ತಿಗೂ ಹೊಸದಾಗಿ ಹುಟ್ಟಬೇಕೆಂಬ ನಿಯಮ ಬಂದದ್ದು 2024ರ ಫೆಬ್ರವರಿಯ 1.22 ಆವೃತ್ತಿಯಲ್ಲಿ.